ಮರ ಹತ್ತುವ ಯಂತ್ರಕ್ಕೆ ಮುಂಗಡ ಕೊಡುವ ಮುಂಚೆ

ಅಡಿಕೆ ಕಾಯಿ ಕೊಳೆತು ಉದುರುವ ಕೊಳೆ ರೋಗಕ್ಕೆ ಔಷಧಿ ಹೊಡೆಯಲು ಮರ ಹತ್ತುವ ಯಂತ್ರ ಕಂಡುಹಿಡಿದಿದ್ದೇನೆ ಎಂದು ಯಾರಾದರೂ ನಿಮ್ಮ ತೋಟಕ್ಕೆ ಬಂದರೆ, ಮೊದಲು ಬಿಳಿ ಪಂಚೆ ಬಿಚ್ಚಿಟ್ಟು ಹಳೇ ಲುಂಗಿ ಉಟ್ಟುಕೊಳ್ಳಿ. ನನಗೆ ಅಷ್ಟು ಬುದ್ಧಿ ಇರಲಿಲ್ಲ.

ನಮ್ಮದು ತೀರ್ಥಹಳ್ಳಿ ಕಡೆ ಎರಡು ಎಕರೆ ಅಡಿಕೆ. ಮರ ಹತ್ತಿ ಔಷಧಿ ಹೊಡೆಯುವ ಕೊನೆಗಾರರು ಸಿಗುವುದೇ ಕಷ್ಟ. ಯಂತ್ರ ಮಾಡಿದ ಹುಡುಗ ಬಂದು ವಿಡಿಯೋ ತೋರಿಸಿದ, ನಾನು 5,000 ರೂಪಾಯಿ ಮುಂಗಡ ಕೊಟ್ಟೆ. ವಿಡಿಯೋದಲ್ಲಿ ಮರದ ಮೈ ಒದ್ದೆ ಇರಲಿಲ್ಲ, ಪೈಪಿನಲ್ಲಿ ಬರೀ ನೀರಿತ್ತು. ಅದು ತಲೆಗೆ ಹೋಗಿದ್ದು ಆಮೇಲೆ.

ಜುಲೈನಲ್ಲಿ ಮಳೆ ಹೊಳವಾದ ದಿನ ಯಂತ್ರ ತಂದ. ಅಕ್ಕಪಕ್ಕದವರೆಲ್ಲ ಸೇರಿದರು. ಔಷಧಿ ಎಂದರೆ 100 ಲೀಟರ್ ನೀರಿಗೆ 1 ಕೆಜಿ ಮೈಲುತುತ್ತ (ನೀಲಿ ಬಣ್ಣದ ತಾಮ್ರದ ಉಪ್ಪು), 1 ಕೆಜಿ ಸುಣ್ಣ. "ಬಟ್ಟೆಯಲ್ಲಿ ಸೋಸು ಮಾರಾಯ" ಎಂದೆ. "ನಮ್ಮ ನಾಜಲ್‌ಗೆ ಅದೆಲ್ಲ ಬೇಡ ಸರ್" ಎಂದ.

ಯಂತ್ರ ಮರ ತಬ್ಬಿಕೊಂಡು ಆಳೆತ್ತರ ಹತ್ತಿತು. ಅಲ್ಲಿಂದ ಮೇಲೆ ಪಾಚಿ. ಚಕ್ರ ತಿರುಗುತ್ತದೆ, ಯಂತ್ರ ಅಲ್ಲೇ. ಅಷ್ಟರಲ್ಲಿ ಸುಣ್ಣದ ಗಷ್ಟು ಕೂತು ನಾಜಲ್ ಕಟ್ಟಿತು. ಹುಡುಗ ಹಳ್ಳದ ಹತ್ತಿರ ಪಂಪು ನೋಡುತ್ತಿದ್ದವನಿಗೆ 'ಜೋರು ಮಾಡು' ಎಂದು ಕೈ ಎತ್ತಿದ. ಠಪ್! ನಾಜಲ್ ಹಾರಿತು. ಪೈಪು ಕೆರೆಹಾವಿನ ಹಾಗೆ ಕುಣಿಯತೊಡಗಿತು. ಹಿಡಿಯಲು ಹೋದ ನನ್ನ ಭಾವನ ಮುಖಕ್ಕೇ ಬಿತ್ತು. ನಾವೆಲ್ಲ ಕೈ ಎತ್ತಿ "ನಿಲ್ಸೋ, ನಿಲ್ಸೋ" ಎಂದು ಕೂಗಿದೆವು. ಎಂಜಿನ್ ಸದ್ದಿನಲ್ಲಿ ಪಂಪಿನವನಿಗೆ ಕೂಗು ಕೇಳಿಸಲಿಲ್ಲ, ಎತ್ತಿದ ಕೈಗಳು ಮಾತ್ರ ಕಂಡವು. ಪಾಪ, ಇನ್ನೂ ಜೋರು ಮಾಡಿದ. ಹುಡುಗ ರಿಮೋಟ್ ಒತ್ತಿದ. ಅದು ಯಂತ್ರದ ರಿಮೋಟು, ಪಂಪಿನದಲ್ಲ. ಯಂತ್ರ ಹಿಡಿತ ಬಿಟ್ಟು ಸರ್ರನೆ ಜಾರಿತು. ತಪ್ಪಿಸಿಕೊಳ್ಳಲು ಹಾರಿದವನು ಬಸಿಗಾಲುವೆಯಲ್ಲಿ ಕೂತ.

ಈಗ ನಗು ಬರುತ್ತದೆ, ಆದರೆ ಸುಣ್ಣದ ನೀರು ಕಣ್ಣಿಗೆ ಬೀಳುವುದು ತಮಾಷೆಯಲ್ಲ. ಭಾವನ ಕಣ್ಣನ್ನು ಕಾಲು ಗಂಟೆ ತೊಳೆದು ಡಾಕ್ಟರ ಹತ್ತಿರ ಓಡಿದೆವು. ಪುಣ್ಯಕ್ಕೆ ಏನೂ ಆಗಿರಲಿಲ್ಲ. ನೀವು ನೋಡಲು ಹೋದರೆ ಕನ್ನಡಕ ಹಾಕಿಕೊಂಡು ದೂರ ನಿಲ್ಲಿ. ಒದ್ದೆ ಮರಕ್ಕೇ ಹತ್ತಿಸಲಿ, ಔಷಧಿಯನ್ನೇ ಹೊಡೆಯಲಿ. ಪಂಪು ನಿಲ್ಲಿಸುವುದು ಯಾರ ಕೈಯಲ್ಲಿದೆ ಎಂದು ಮೊದಲೇ ಕೇಳಿ. ದುಡ್ಡಿನ ಮಾತು ಆಮೇಲೆ. ನನ್ನ ಮುಂಗಡ ಇನ್ನೂ ಬಂದಿಲ್ಲ, ಹುಡುಗ ಫೋನ್ ಎತ್ತುತ್ತಿಲ್ಲ.

ಅಷ್ಟೆಲ್ಲ ಆದರೂ ಅಡಿಕೆ ಗೊನೆಗೆ ಒಂದು ಹನಿ ಔಷಧಿ ಬಿದ್ದಿರಲಿಲ್ಲ. ವಾರ ಬಿಟ್ಟು ಹಳೇ ಕೊನೆಗಾರನೇ ಬಂದ. ಎಷ್ಟು ತೊಳೆದರೂ ನೀಲಿ ಬಿಡದ ನಮ್ಮ ಬಿಳಿ ನಾಯಿಯನ್ನು ನೋಡಿ ಕೇಳಿದ: "ಇದಕ್ಕೂ ಕೊಳೆ ಬಂದಿತ್ತಾ ಮಾರಾಯ್ರೇ?"