ಚೌಕಿಪೇಟೆಯ ಗ್ರಂಥಿಗೆ ಅಂಗಡಿಯ ವಾಯುವಿಳಂಗ: ಕಾಳು ಸರಿ, ಪುಡಿ ಬೇಡ

ದಾವಣಗೆರೆಯ ಚೌಕಿಪೇಟೆಯಲ್ಲಿರುವ ಹಳೇ ಗ್ರಂಥಿಗೆ (ನಾಟಿ ಔಷಧ ಸಾಮಗ್ರಿಯ) ಅಂಗಡಿಯೊಂದರಲ್ಲಿ ಹೊಟ್ಟೆಹುಳದ ಮದ್ದಾದ ವಾಯುವಿಳಂಗ ಮೂರು ರೂಪದಲ್ಲಿ ಸಿಗುತ್ತದೆ. ಚೀಲದಿಂದ ಮೊಗೆದು ತೂಗಿಕೊಡುವ ಇಡೀ ಕಾಳು, ಡಬ್ಬಿಯಲ್ಲಿಟ್ಟ ಬಿಡಿ ಪುಡಿ, ಮತ್ತೆ 50 ಗ್ರಾಂನ ಪ್ಲಾಸ್ಟಿಕ್ ಪಾಕೀಟು. ಮೂರಕ್ಕೂ ಹೆಸರು ಒಂದೇ, ಗುಣ ಒಂದೇ ಅಲ್ಲ.

ಇದು ನಮ್ಮ ಬಯಲುಸೀಮೆಯ ಗಿಡವಲ್ಲ. ಪಶ್ಚಿಮಘಟ್ಟದ ತೇವದ ಕಾಡಿನಲ್ಲಿ ಮರಕ್ಕೆ ಹಬ್ಬಿ ಬೆಳೆಯುವ ಪೊದೆ, ಸಸ್ಯಶಾಸ್ತ್ರದಲ್ಲಿ ಎಂಬೆಲಿಯಾ ರೈಬ್ಸ್. ಗೊಂಚಲಲ್ಲಿ ಬಿಡುವ ಸಣ್ಣ ಹಣ್ಣು ಮಾಗಿದಾಗ ಕೆಂಪಗಿದ್ದು ಒಣಗಿದ ಮೇಲೆ ಕಂದುಗಪ್ಪಾಗುತ್ತದೆ. ಆಗ ಅದನ್ನೂ ಮೆಣಸಿನ ಕಾಳನ್ನೂ ಪಕ್ಕಪಕ್ಕ ಇಟ್ಟರೂ ಗೊತ್ತಾಗುವುದು ಕಷ್ಟ. ಮೆಣಸಿಗೇ ಇದನ್ನು ಬೆರೆಸಿ ಮಾರುವ ಚಾಳಿ ಹಳೆಯದು. ಈಗ ಕಥೆ ತಿರುವುಮುರುವಾಗಿದೆ. ಕಾಡಿನಿಂದ ಆಯ್ದು ಆಯ್ದು ವಿಳಂಗವೇ ಅಪರೂಪವಾಗಿ, ರಾಷ್ಟ್ರೀಯ ಔಷಧೀಯ ಸಸ್ಯ ಮಂಡಳಿಯ ಆದ್ಯತಾ ಪಟ್ಟಿ ಸೇರಿದೆ. ಹಾಗಾಗಿ ಅದರ ಹೆಸರಲ್ಲಿ ಬೇರೆ ಹಣ್ಣುಗಳು ಮಾರುಕಟ್ಟೆಗೆ ಬರುತ್ತವೆ.

ಅಸಲಿ ಕಾಳು 2ರಿಂದ 4 ಮಿಲಿಮೀಟರ್, ಗುಂಡಗೆ. ಸಿಪ್ಪೆಯ ಮೇಲೆ ನರಹುಲಿಯಂಥ ಸಣ್ಣ ಉಬ್ಬು, ತುದಿಯಲ್ಲಿ ಚೂಪಾದ ಕೊಕ್ಕು. ಬುಡದಲ್ಲಿ ಎಷ್ಟೋ ಸಲ ಗಿಡ್ಡ ತೊಟ್ಟೂ ಐದು ಎಸಳಿನ ಪುಷ್ಪಪಾತ್ರೆಯೂ ಅಂಟಿಕೊಂಡೇ ಇರುತ್ತವೆ. ಬ್ಲೇಡಿನಿಂದ ಸೀಳಿ ನೋಡಿ: ಒಳಗೆ ಒಂದೇ ಬೀಜ, ಅದಕ್ಕೆ ತೆಳ್ಳನೆ ಪೊರೆ, ಪೊರೆ ಬಿಡಿಸಿದರೆ ಕೆಂಪು ಬೀಜದ ಮೇಲೆ ಹಳದಿ ಚುಕ್ಕಿ. ಸಂಸ್ಕೃತದವರು ಇದಕ್ಕೆ ಚಿತ್ರತಂಡುಲ, ಅಂದರೆ ಚುಕ್ಕಿಯ ಅಕ್ಕಿಕಾಳು, ಅಂದದ್ದು ಸುಮ್ಮನೆ ಅಲ್ಲ. ಸೀಳಿದಾಗ ಸಣ್ಣ ಸಣ್ಣ ಬೀಜ ಹಲವಾರು ಉದುರಿದರೆ ಅದು ಮೇಸಾ ಇಂಡಿಕಾ ಎಂಬ ಬೇರೆ ಗಿಡದ ಹಣ್ಣು, ಅಂಥದ್ದನ್ನು ಅಲ್ಲೇ ಬಿಟ್ಟು ಬನ್ನಿ. ಬೀಜ ಒಂದೇ ಇದ್ದು, ಕಾಳು ದಪ್ಪಗಿದ್ದು, ಮೇಲಿಂದ ಕೆಳಕ್ಕೆ ಉದ್ದುದ್ದ ಗೆರೆ ಇದ್ದರೆ ಅದು ವಿಳಂಗದ ಸೋದರಿ ಜಾತಿ. ಕೆಲವು ಪಂಡಿತರು ಅದನ್ನು ಒಪ್ಪುತ್ತಾರೆ, ಆದರೆ ಆಯುರ್ವೇದ ಫಾರ್ಮಾಕೋಪಿಯಾ (ಔಷಧಗಳ ಗುಣಮಟ್ಟ ಹೇಳುವ ಅಧಿಕೃತ ಗ್ರಂಥ) ವಿಡಂಗ, ಅಂದರೆ ನಮ್ಮ ವಿಳಂಗ, ಎಂದು ಒಪ್ಪಿರುವುದು ಎಂಬೆಲಿಯಾ ರೈಬ್ಸನ್ನೇ.

ಈ ಪರೀಕ್ಷೆಯಲ್ಲಿ ಅಂಗಡಿಯ ಇಡೀ ಕಾಳು ಪಾಸು. ಒಂದು ಹಿಡಿಗೆ ನಾಲ್ಕೈದು ಗೆರೆಕಾಳು ಕಂಡವು, ಮೇಸಾ ಒಂದೂ ಇರಲಿಲ್ಲ. ಅಗಿದರೆ ಮೊದಲು ಒಗರು, ಆಮೇಲೆ ಖಾರ, ಜೊತೆಗೆ ತುಸು ಪರಿಮಳ. ತಕರಾರಿರುವುದು ಶುಚಿಯ ಬಗ್ಗೆ. ಬೆರಕೆ ಕಸ ನೂರಕ್ಕೆ 2 ಪಾಲು ಮೀರಬಾರದು ಎಂಬುದು ಫಾರ್ಮಾಕೋಪಿಯಾ ನಿಯಮ. ಇಲ್ಲಿ ಚೀಲದ ತಳದ ಸರಕಿನಲ್ಲಿ ಕಡ್ಡಿ, ಮಣ್ಣು ಅದಕ್ಕಿಂತ ಜಾಸ್ತಿ. ಮೇಲಿಂದ ಮೊಗೆದುಕೊಡಿ ಅಂತ ಕೇಳಿದರೆ ಕೊಡುತ್ತಾರೆ, ಮುಖ ಸಿಂಡರಿಸುವುದಿಲ್ಲ.

ಪುಡಿಯ ಮಾತು ಬೇರೆ. ತಾಜಾ ಕುಟ್ಟಿದ ವಿಳಂಗ ಗಾಢ ಕೆಂಗಂದು; ಡಬ್ಬಿಯಲ್ಲಿರುವುದು ಮಾಸಲು, ಗಂಟುಗಂಟು, ನಾಲಿಗೆಗೆ ಒಗರೇ ಇಲ್ಲ. ಪುಡಿ ತೇವ ಹೀರುತ್ತದೆ, ಬೀಜದಲ್ಲಿ ಎಣ್ಣೆಯಂಶ ಇರುವುದರಿಂದ ಬೇಗ ಕೆಡುತ್ತದೆ. ಹಳೇ ಲೆಕ್ಕದಲ್ಲಿ ಚೂರ್ಣದ ಸತ್ವ ಎರಡೇ ತಿಂಗಳು, ಇಲ್ಲಿ ಕುಟ್ಟಿದ್ದು ಯಾವಾಗ ಅಂತ ಕೇಳಿದರೆ "ಮೊನ್ನೆ ಮೊನ್ನೆ ಯಜಮಾನ್ರೇ" ಎಂಬ ಉತ್ತರ ಬಿಟ್ಟರೆ ಬೇರೆ ಆಧಾರವಿಲ್ಲ. ಪುಡಿಯಾದ ಮೇಲೆ ಕೊಕ್ಕೂ ಇಲ್ಲ, ಚುಕ್ಕಿಯೂ ಇಲ್ಲ, ಕಣ್ಣಿನಿಂದ ಗುರುತು ಹಿಡಿಯುವ ದಾರಿಯೇ ಮುಚ್ಚಿತು. ಪಾಕೀಟಿನ ಮೇಲೆ ಲೈಸೆನ್ಸ್ ನಂಬರೂ ಇಲ್ಲ, ಬ್ಯಾಚ್ ನಂಬರೂ ಇಲ್ಲ, ತಯಾರಿಸಿದ ತಾರೀಖೂ ಇಲ್ಲ. ಮುಟ್ಟಬೇಡಿ.

ಮನೆಯಲ್ಲಿ ಪುಡಿ ಮಾಡುವುದೇನೂ ಕಷ್ಟವಲ್ಲ. 50 ಗ್ರಾಂ ಕಾಳು ಜರಡಿ ಹಿಡಿದು, ತೊಟ್ಟು ಕಡ್ಡಿ ಆರಿಸಿ, ಒಂದು ಮಧ್ಯಾಹ್ನ ನೆರಳಲ್ಲಿ ಹರವಿ. ಹುರಿಯಬೇಡಿ, ಪರಿಮಳ ಹೋಗುತ್ತದೆ. ಕಬ್ಬಿಣದ ಕುಟ್ಟಾಣಿಯಲ್ಲಿ ಕುಟ್ಟಿ ತೆಳು ಬಟ್ಟೆಯಲ್ಲಿ ಸೋಸಿ. ಮಿಕ್ಸಿಯೇ ಗತಿ ಎಂದಾದರೆ ಬಿಟ್ಟುಬಿಟ್ಟು ತಿರುಗಿಸಿ; ಒಂದೇ ಸಮನೆ ಓಡಿಸಿದರೆ ಜಾರ್ ಬಿಸಿಯಾಗಿ ಪುಡಿ ಬ್ಲೇಡಿನ ಕೆಳಗೆ ಅಂಟಿಕೊಳ್ಳುತ್ತದೆ. ಒಣ ಗಾಜಿನ ಬಾಟಲಿಗೆ ತುಂಬಿ ಮುಚ್ಚಳ ಬಿಗಿ ಮಾಡಿ.

ಬಳಕೆ ಮುಖ್ಯವಾಗಿ ಹೊಟ್ಟೆಹುಳಕ್ಕೆ, ಅದರಲ್ಲೂ ಲಾಡಿಹುಳಕ್ಕೆ. ಹೊಟ್ಟೆಯುಬ್ಬರಕ್ಕೂ ಕೊಡುತ್ತಾರೆ. ದೊಡ್ಡವರಿಗೆ ಫಾರ್ಮಾಕೋಪಿಯಾ ಹೇಳುವ ಪ್ರಮಾಣ 5ರಿಂದ 10 ಗ್ರಾಂ, ಮಜ್ಜಿಗೆಯಲ್ಲೋ ಜೇನಿನಲ್ಲೋ ಕಲಸಿ. ಹುಳ ಹೊರಬೀಳಲೆಂದು ಮರುದಿನ ಹರಳೆಣ್ಣೆಯ ಭೇದಿ ಕೊಡುವ ಪದ್ಧತಿಯೂ ಇದೆ. ಕಷಾಯ ಕಾಸಿ ಸೋಸಿ ಕುಡಿಯುವವರು ಒಂದು ವಿಷಯ ಗಮನಿಸಬೇಕು: ಇದರ ಮುಖ್ಯ ಸತ್ವವಾದ ಎಂಬೆಲಿನ್ ಎಂಬ ಕಿತ್ತಳೆ ಬಣ್ಣದ ವಸ್ತು ನೀರಿನಲ್ಲಿ ಕರಗುವುದಿಲ್ಲ, ಬಹುಪಾಲು ಗಸಿಯಲ್ಲೇ ಉಳಿಯುತ್ತದೆ. ಪುಡಿಯಾಗಿಯೇ ನುಂಗಿಸುವ ಹಳಬರ ಕ್ರಮಕ್ಕೆ ಅರ್ಥವಿದೆ.

ಅಂಗಡಿಯವರು ಹೇಳದೇ ಬಿಡುವ ಸಂಗತಿಯೊಂದಿದೆ. ಹಿಪ್ಪಲಿ, ವಿಳಂಗ, ಬಿಳಿಗಾರ (ಬೋರಾಕ್ಸ್) ಸಮ ಸೇರಿಸಿ ಗರ್ಭ ನಿಲ್ಲದಂತೆ ಕೊಡುವ ಔಷಧಯೋಗ ಆಯುರ್ವೇದದಲ್ಲಿದೆ. ಆದ್ದರಿಂದ ಬಸುರಿಯರು, ಮಗು ಬೇಕೆಂದು ಕಾಯುತ್ತಿರುವ ದಂಪತಿ ಇದರ ತಂಟೆಗೆ ಹೋಗಬಾರದು. ಕೂಸಿನ ಹಾಲಿಗೆ ನಾಲ್ಕು ಕಾಳು ಹಾಕಿ ಕುದಿಸುವ ರೂಢಿಯನ್ನೂ ವೈದ್ಯರನ್ನು ಕೇಳದೆ ಅನುಸರಿಸಬೇಡಿ. ಶಾಲೆ ಮಕ್ಕಳ ಜಂತುಹುಳಕ್ಕೆ ಫೆಬ್ರವರಿ 10ರ ಜಂತುಹುಳು ನಿವಾರಣಾ ದಿನದಂದು ಆಲ್ಬೆಂಡಜೋಲ್ ಮಾತ್ರೆ ಪುಕ್ಕಟೆ ಸಿಗುತ್ತದೆ, ಅವರ ಮೇಲೆ ಅಳತೆಯಿಲ್ಲದ ಪುಡಿಯ ಪ್ರಯೋಗ ಬೇಕಿಲ್ಲ.

ವ್ಯವಹಾರದಲ್ಲಿ ಅಂಗಡಿ ನೇರ. ತಕ್ಕಡಿ ಕಣ್ಣೆದುರಿಗೇ ಇದೆ, 50 ಗ್ರಾಂ ಕೇಳಿದರೂ ಕಟ್ಟಿಕೊಡುತ್ತಾರೆ. ಬಿಲ್ ಮಾತ್ರ ಕೇಳಿದರಷ್ಟೇ. ಕುಟ್ಟದ ಕಾಳನ್ನು ಪೊಟ್ಟಣ ಸಮೇತ ವಾಪಸ್ ಒಯ್ದರೆ ಬದಲಿಸಿ ಕೊಡುತ್ತಾರೆ, ಪುಡಿಗೆ ಆ ಮಾತಿಲ್ಲ.