ಕಂಪನಿ ಆಫರ್‌ಗಳ ಕಾಟ: 1909, ಸಿಮ್ ಟೂಲ್‌ಕಿಟ್, ನೋಟಿಫಿಕೇಶನ್, ಡಿಎನ್‌ಎಸ್ – ಯಾವುದರಿಂದ ಏನು ನಿಲ್ಲುತ್ತದೆ?

"ಡಿಎನ್‌ಡಿ ಹಾಕಿಸಿದ್ದೇನೆ, ಆದರೂ ಜಾಹೀರಾತು ನಿಂತಿಲ್ಲ" ಎನ್ನುವವರ ಫೋನ್ ಇಸಿದುಕೊಂಡು ನೋಡಿದರೆ, ಹೆಚ್ಚಿನ ಸಲ ಡಿಎನ್‌ಡಿ (ಪ್ರಚಾರದ ಕರೆ, ಸಂದೇಶ ಬೇಡವೆನ್ನುವ ನೋಂದಣಿ) ತನ್ನ ಕೆಲಸವನ್ನು ಸರಿಯಾಗಿಯೇ ಮಾಡುತ್ತಿರುತ್ತದೆ. ಬರುತ್ತಿರುವ ಜಾಹೀರಾತು ಅದರ ವ್ಯಾಪ್ತಿಗೆ ಸೇರಿರುವುದಿಲ್ಲ, ಅಷ್ಟೆ. ಮೊಬೈಲ್ ಕಂಪನಿಯ ಆಫರ್ ಬರುವ ದಾರಿ ಒಂದಲ್ಲ. ಎಸ್ಸೆಮ್ಮೆಸ್ ಇದೆ, ಕರೆ ಇದೆ, ಪರದೆಯ ಮೇಲೆ ಧುತ್ತೆಂದು ಬಂದು ನಿಲ್ಲುವ ಫ್ಲ್ಯಾಶ್ ಸಂದೇಶ ಇದೆ, ಕಂಪನಿಯ ಆ್ಯಪ್ ಕಳಿಸುವ ನೋಟಿಫಿಕೇಶನ್ ಇದೆ. ಈಚೆಗೆ ಆರ್‌ಸಿಎಸ್ (ಇಂಟರ್ನೆಟ್ ಮೂಲಕ ಬರುವ ಹೊಸ ಬಗೆಯ ಸಂದೇಶ) ಮತ್ತು ವಾಟ್ಸ್ಆ್ಯಪ್ ಕೂಡ ಸೇರಿಕೊಂಡಿವೆ. ಇವು ಸಾಲದು ಎಂಬಂತೆ ಹ್ಯಾಂಡ್‌ಸೆಟ್ ತಯಾರಕರೇ ಒಳಗೆ ತುಂಬಿಸಿ ಕಳಿಸಿದ ಜಾಹೀರಾತು ಬೇರೆ. ಒಂದಕ್ಕೆ ಹಾಕಿದ ತಡೆ ಇನ್ನೊಂದಕ್ಕೆ ತಾಗುವುದಿಲ್ಲ. ಬಳಸಿ ನೋಡಿದ ಉಪಾಯಗಳಲ್ಲಿ ಯಾವುದು ಎಷ್ಟು ಕೆಲಸಕ್ಕೆ ಬಂತು, ಎಲ್ಲಿ ಕೈಕೊಟ್ಟಿತು ಎಂಬುದರ ಹೋಲಿಕೆ ಇಲ್ಲಿದೆ.

1909: ಮೊದಲು ಮಾಡಬೇಕಾದ್ದು ಇದೇ

ಡಿಎನ್‌ಡಿ ನೋಂದಣಿಗೂ ದೂರಿಗೂ ಇರುವ ಸಂಖ್ಯೆ 1909. ಖರ್ಚಿಲ್ಲ, ಆ್ಯಪ್ ಬೇಡ, ಕೀಪ್ಯಾಡ್ ಫೋನಿನಲ್ಲೂ ನಡೆಯುತ್ತದೆ. ಇಂಗ್ಲಿಷ್ ಅಕ್ಷರಗಳಲ್ಲಿ 'ಫುಲ್ಲಿ ಬ್ಲಾಕ್' ಎಂದು ಬರೆದು 1909ಕ್ಕೆ ಎಸ್ಸೆಮ್ಮೆಸ್ ಕಳಿಸಿ. ಅದೇ ಸಂಖ್ಯೆಗೆ ಕರೆ ಮಾಡಿಯೂ ನೋಂದಾಯಿಸಬಹುದು. ಎರಡು ಸಿಮ್ ಇದ್ದರೆ ಎರಡರಿಂದಲೂ ಬೇರೆಬೇರೆಯಾಗಿ ಕಳಿಸಬೇಕು. ಒಂದರಿಂದ ಕಳಿಸಿ ಎರಡಕ್ಕೂ ಆಯಿತೆಂದುಕೊಳ್ಳುವವರು ಬಹಳ.

ಎಲ್ಲವನ್ನೂ ನಿಲ್ಲಿಸುವುದು ಬೇಡವಾದರೆ ವಿಭಾಗವಾರು ತಡೆ ಇದೆ: 1 ಬ್ಯಾಂಕು, ವಿಮೆ, ಕ್ರೆಡಿಟ್ ಕಾರ್ಡು, 2 ನಿವೇಶನ, ಫ್ಲ್ಯಾಟು, 3 ಶಿಕ್ಷಣ, 4 ಆರೋಗ್ಯ, 5 ಗೃಹಬಳಕೆ ವಸ್ತು ಮತ್ತು ವಾಹನ, 6 ದೂರಸಂಪರ್ಕ, ಪ್ರಸಾರ, ಮನರಂಜನೆ, ಐಟಿ, 7 ಪ್ರವಾಸ, 8 ಆಹಾರ, ಪಾನೀಯ. ಕಾಲರ್ ಟ್ಯೂನು, ಒಟಿಟಿ ಪ್ಯಾಕು, ಹೆಚ್ಚುವರಿ ಡೇಟಾ ಎಂದು ಬರುವುದೆಲ್ಲ 6ರಲ್ಲಿ ಬರುತ್ತದೆ. ಆದ್ದರಿಂದ ಕಾಟ ಮೊಬೈಲ್ ಕಂಪನಿಯದು ಮಾತ್ರ ಎಂದಾದರೆ 'ಬ್ಲಾಕ್ 6' ಎಂದಷ್ಟೇ ಕಳಿಸಿದರೂ ಸಾಕು. ದೂರಸಂಪರ್ಕ ನಿಯಂತ್ರಕ ಸಂಸ್ಥೆ ಟ್ರಾಯ್‌ನ ಡಿಎನ್‌ಡಿ ಆ್ಯಪ್‌ನಲ್ಲಿ ಇದನ್ನೇ ಇನ್ನೂ ಸೂಕ್ಷ್ಮವಾಗಿ ಹೊಂದಿಸಬಹುದು. ಆದರೆ ಅದು ಎಸ್ಸೆಮ್ಮೆಸ್ ಮತ್ತು ಕರೆಗಳ ಪಟ್ಟಿ ನೋಡಲು ಅನುಮತಿ ಕೇಳುತ್ತದೆ. ಬರೀ ನೋಂದಣಿಗಾಗಿ ಅದನ್ನು ಹಾಕಿಕೊಳ್ಳುವ ಅಗತ್ಯವಿಲ್ಲ, ದೂರು ಕೊಡುವುದಕ್ಕಾದರೆ ಅನುಕೂಲ.

ಫುಲ್ಲಿ ಬ್ಲಾಕ್ ಮಾಡಿದರೆ ಬ್ಯಾಂಕಿನ ಒಟಿಪಿ ನಿಂತುಹೋಗುತ್ತದೆ ಎಂಬ ಭಯ ಇನ್ನೂ ಹೋಗಿಲ್ಲ. ನಿಲ್ಲುವುದಿಲ್ಲ. ವಹಿವಾಟಿನ ಸಂದೇಶಕ್ಕೆ ಈ ತಡೆ ಅನ್ವಯಿಸುವುದಿಲ್ಲ.

ಹಾಗಿದ್ದರೆ 1909 ಎಲ್ಲಿ ಸೋಲುತ್ತದೆ? ಸಂದೇಶದ ಮೇಲಿರುವ ಕಳುಹಿಸಿದವರ ಹೆಸರನ್ನು ಗಮನಿಸಿ. ಮೊದಲು ಎರಡು ಅಕ್ಷರ, ಆಮೇಲೆ ಸಂಸ್ಥೆಯ ಗುರುತು, ಕೊನೆಗೆ ಅಡ್ಡಗೆರೆ ಹಾಕಿ ಒಂದು ಅಕ್ಷರ. ಮೊದಲೆರಡರಲ್ಲಿ ಒಂದು ಯಾವ ಕಂಪನಿಯ ಜಾಲ ಎಂಬುದನ್ನೂ, ಇನ್ನೊಂದು ಸಂದೇಶ ಹೊರಟ ಸರ್ಕಲ್ (ದೂರಸಂಪರ್ಕ ವಲಯ) ಯಾವುದೆಂಬುದನ್ನೂ ಹೇಳುತ್ತವೆ, ಕರ್ನಾಟಕಕ್ಕೆ 'ಎಕ್ಸ್'. ನಮಗೆ ಮುಖ್ಯವಾದದ್ದು ಕೊನೆಯ ಅಕ್ಷರ: 'ಪಿ' ಅಂದರೆ ಪ್ರಚಾರ, 'ಎಸ್' ಅಂದರೆ ಸೇವೆ, 'ಟಿ' ಅಂದರೆ ವಹಿವಾಟು, 'ಜಿ' ಅಂದರೆ ಸರ್ಕಾರ. ನೋಂದಣಿಯ ನಂತರ 'ಪಿ' ಸಂದೇಶ ಗಣನೀಯವಾಗಿ ತಗ್ಗುತ್ತದೆ. ಉಳಿಯುವುದು 'ಎಸ್'. ಪ್ಯಾಕ್ ಮುಗಿಯುತ್ತಿದೆ ಎಂಬ ನೆನಪೋಲೆ ಸೇವೆಯೇ, ಒಪ್ಪೋಣ. ಅದರ ಬಾಲಕ್ಕೆ ದುಬಾರಿ ಪ್ಲಾನಿನ ಹೆಸರನ್ನು ಅಂಟಿಸಿ ಕಳಿಸಿದರೆ ಅದು ಪ್ರಚಾರ. ಅಂಥ ಸಂದೇಶವನ್ನು ತಾನಾಗಿ ಸೋಸುವ ಗುಂಡಿ ಎಲ್ಲೂ ಇಲ್ಲ, ದೂರು ಕೊಡುವುದೊಂದೇ ದಾರಿ.

ಇನ್ನೊಂದು ಸೋಲು ನಮ್ಮದೇ ಒಪ್ಪಿಗೆಯಿಂದ ಆಗುವುದು. ಬಟ್ಟೆ ಅಂಗಡಿಯ ಬಿಲ್ಲಿಂಗ್ ಕೌಂಟರಿನಲ್ಲಿ ನಂಬರ್ ಕೊಟ್ಟು ಒಪ್ಪಿಗೆಯ ಸಂದೇಶಕ್ಕೆ ಹೂಂ ಅಂದಿದ್ದರೆ ಡಿಎನ್‌ಡಿ ಇದ್ದರೂ ಅವರು ಕಳಿಸಬಹುದು. ಟ್ರಾಯ್ ನಿಯಮಕ್ಕೆ 2025ರ ಫೆಬ್ರುವರಿಯಲ್ಲಿ ಆದ ತಿದ್ದುಪಡಿಯ ಪ್ರಕಾರ ಪ್ರಚಾರ ಸಂದೇಶದೊಳಗೇ ಬೇಡ ಎನ್ನುವ ಆಯ್ಕೆ ಇರಬೇಕು. ಅದನ್ನು ಬಳಸಿ ಹೊರಬಂದವರ ಬಳಿ 90 ದಿನ ಮತ್ತೆ ಒಪ್ಪಿಗೆ ಕೇಳುವಂತಿಲ್ಲ.

ದೂರಿನ ಅವಧಿಯನ್ನೂ ಅದೇ ತಿದ್ದುಪಡಿ 3 ದಿನದಿಂದ 7 ದಿನಕ್ಕೆ ಏರಿಸಿತು. ಬಂದ ಸಂದೇಶ, ಕಳುಹಿಸಿದವರ ಹೆಸರು ಅಥವಾ ನಂಬರು, ದಿನಾಂಕ – ಈ ಮೂರನ್ನೂ ಅಲ್ಪವಿರಾಮ ಹಾಕಿ 1909ಕ್ಕೆ ಕಳಿಸಿದರೆ ದೂರು ದಾಖಲಾಗಿ ಸಂಖ್ಯೆ ಬರುತ್ತದೆ. ದಿನಾಂಕವನ್ನು ದಿನ, ತಿಂಗಳು, ವರ್ಷದ ಕ್ರಮದಲ್ಲೇ ಬರೆಯಿರಿ. ಹೆಸರಿನಲ್ಲಿ ಒಂದಕ್ಷರ ತಪ್ಪಿದರೂ ದಾಖಲೆಯೊಂದಿಗೆ ತಾಳೆಯಾಗದೆ ದೂರು ಬಿದ್ದುಹೋಗುತ್ತದೆ, ಆದ್ದರಿಂದ ಟೈಪ್ ಮಾಡುವ ಬದಲು ನಕಲಿಸಿ ಅಂಟಿಸುವುದು ಮೇಲು. ಮಾಮೂಲಿ 10 ಅಂಕಿಯ ನಂಬರಿನಿಂದ ಮಾರಾಟದ ಕರೆ ಬಂದರೆ ಡಿಎನ್‌ಡಿ ನೋಂದಣಿ ಇಲ್ಲದವರೂ ಈಗ ದೂರು ಕೊಡಬಹುದು; 10 ದಿನದಲ್ಲಿ 5 ದೂರು ಬಿದ್ದರೆ ಆ ನಂಬರಿನ ಮೇಲೆ ಕ್ರಮಕ್ಕೆ ದಾರಿಯಾಗುತ್ತದೆ. ನೋಂದಾಯಿತ ಪ್ರಚಾರ ಕರೆ 140ರಿಂದ ಶುರುವಾಗುತ್ತದೆ.

ದೂರಸಂಪರ್ಕ ಇಲಾಖೆಯ ಜಾಲತಾಣ ಸಂಚಾರ್ ಸಾಥಿಯ 'ಚಕ್ಷು'ವನ್ನು ಇದರೊಂದಿಗೆ ಗೊಂದಲ ಮಾಡಿಕೊಳ್ಳಬೇಡಿ. ಕೆವೈಸಿ ಹೆಸರಿನ ವಂಚನೆ, ಪೊಲೀಸರೆಂದು ಹೆದರಿಸುವ ಕರೆ ಇಂಥವಕ್ಕೆ ಚಕ್ಷು. ಬರೀ ಜಾಹೀರಾತಿಗೆ 1909.

ಸಿಮ್ ಟೂಲ್‌ಕಿಟ್: ಫ್ಲ್ಯಾಶ್ ಸಂದೇಶಕ್ಕೆ ಇದೇ ಮದ್ದು

ಮ್ಯಾಪ್ ನೋಡುತ್ತಿರುವಾಗಲೋ ಯುಪಿಐ ಪಿನ್ ಒತ್ತುತ್ತಿರುವಾಗಲೋ ನಡುವೆ ಒಂದು ಬಿಳಿ ಚೌಕ ಬರುತ್ತದೆ. ಕ್ರಿಕೆಟ್ ಸ್ಕೋರು, ರಾಶಿಫಲ, ಕೆಳಗೆ 'ಓಕೆ' ಮತ್ತು 'ಕ್ಯಾನ್ಸಲ್'. ಇದು ಇನ್‌ಬಾಕ್ಸಿಗೆ ಬಂದು ಕೂರುವುದಿಲ್ಲ, ಕಳುಹಿಸಿದವರ ಹೆಸರೂ ಕಾಣುವುದಿಲ್ಲ. ಹಾಗಾಗಿ 1909ಕ್ಕೆ ದೂರು ಕೊಡಲು ಬೇಕಾದ ವಿವರವೇ ಕೈಗೆ ಸಿಗುವುದಿಲ್ಲ. ಡಿಎನ್‌ಡಿ ಇದ್ದ ಸಿಮ್‌ಗೂ ಬರುತ್ತದೆ.

ನಿಲ್ಲಿಸುವ ಜಾಗ ಸಿಮ್ ಟೂಲ್‌ಕಿಟ್, ಅಂದರೆ ಸಿಮ್‌ನೊಳಗೇ ಇರುವ ಕಂಪನಿಯ ಸೇವೆಗಳ ಮೆನು. ಆಂಡ್ರಾಯ್ಡ್‌ನಲ್ಲಿ ಆ್ಯಪ್‌ಗಳ ನಡುವೆ ಇದೇ ಹೆಸರಿನಲ್ಲೋ ಕಂಪನಿಯ ಹೆಸರಿನಲ್ಲೋ ಇರುತ್ತದೆ. ಐಫೋನಿನಲ್ಲಿ ಐಕಾನ್ ಹುಡುಕಿದರೆ ಸಿಗದು. ಸೆಟ್ಟಿಂಗ್ಸ್‌ನ ಮೊಬೈಲ್ ಸರ್ವಿಸ್ ಒಳಗೆ 'ಸಿಮ್ ಅಪ್ಲಿಕೇಶನ್ಸ್' ಎಂದಿದೆ. ಏರ್‌ಟೆಲ್‌ನಲ್ಲಿ 'ಏರ್‌ಟೆಲ್ ನೌ' ತೆರೆದು ಸ್ಟಾರ್ಟ್/ಸ್ಟಾಪ್‌ನಲ್ಲಿ ಸ್ಟಾಪ್ ಒತ್ತಬೇಕು. ವಿಐನಲ್ಲಿ 'ಫ್ಲ್ಯಾಶ್', ಬಿಎಸ್ಸೆನ್ನೆಲ್‌ನಲ್ಲಿ 'ಬಜ್' – ಎರಡರಲ್ಲೂ ಆ್ಯಕ್ಟಿವೇಶನ್‌ಗೆ ಹೋಗಿ ಡಿಆ್ಯಕ್ಟಿವೇಟ್. ಸಿಮ್‌ನ ಆವೃತ್ತಿಗೆ ತಕ್ಕಂತೆ ಮೆನುವಿನ ಹೆಸರು ಕೊಂಚ ಬದಲಾಗಬಹುದು. ಒತ್ತಿದ ಮೇಲೆ ಖಚಿತಪಡಿಸುವ ಸಂದೇಶ ಬರುವವರೆಗೆ ಹೊರಬರಬೇಡಿ. ನೆಟ್‌ವರ್ಕ್ ಇಲ್ಲದ ಕಡೆ ಮಾಡಿದರೆ ಆಯಿತು ಎಂದು ತೋರಿಸಿದರೂ ಆಗಿರುವುದಿಲ್ಲ. ಸಿಮ್ ಬದಲಿಸಿದಾಗ, ಪೋರ್ಟ್ ಮಾಡಿದಾಗ ಇನ್ನೊಮ್ಮೆ ಪರಿಶೀಲಿಸಿ.

ಇದಕ್ಕೆ ಪರ್ಯಾಯವಾಗಿ ಸೆಟ್ಟಿಂಗ್ಸ್‌ನಲ್ಲಿ ಸಿಮ್ ಟೂಲ್‌ಕಿಟ್ ಆ್ಯಪನ್ನೇ ಡಿಸೇಬಲ್ ಮಾಡುವವರಿದ್ದಾರೆ. ಕೆಲವು ಹ್ಯಾಂಡ್‌ಸೆಟ್‌ಗಳಲ್ಲಿ ಆ ಗುಂಡಿಯೇ ಮಸುಕಾಗಿರುತ್ತದೆ. ಮೂಲದಲ್ಲಿ ನಿಲ್ಲಿಸುವುದೇ ವಾಸಿ.

ಈ ಚೌಕದ ನಿಜವಾದ ಅಪಾಯ ಕಿರಿಕಿರಿಯಲ್ಲ, ದುಡ್ಡು. ಆತುರದಲ್ಲಿ 'ಓಕೆ' ಒತ್ತಿದರೆ ಚಂದಾ ಸೇವೆಯ ಬಾಗಿಲು ತೆರೆಯುತ್ತದೆ. 2013ರ ಟ್ರಾಯ್ ನಿರ್ದೇಶನದ ನಂತರ ಎರಡನೇ ಸಲ ಒಪ್ಪಿಗೆ ಕೇಳಲೇಬೇಕು, ಆದರೆ ವಯಸ್ಸಾದವರು ಬಂದದ್ದಕ್ಕೆಲ್ಲ ಓಕೆ ಒತ್ತಿ ಮುಂದೆ ಹೋಗುತ್ತಾರೆ. ಅಮ್ಮನ ಬ್ಯಾಲೆನ್ಸ್ ಕಾರಣವಿಲ್ಲದೆ ಕರಗುತ್ತಿದೆಯೆಂದರೆ ಆ ಸಿಮ್‌ನಿಂದ 155223ಕ್ಕೆ 'ಸ್ಟಾಪ್' ಎಂದು ಕಳಿಸಿ ಅಥವಾ ಕರೆ ಮಾಡಿ. ಚಾಲ್ತಿಯಲ್ಲಿರುವ ಸೇವೆಗಳನ್ನು ನಿಲ್ಲಿಸಲು ಎಲ್ಲ ಕಂಪನಿಗಳಿಗೂ ಇದೊಂದೇ ಉಚಿತ ಸಂಖ್ಯೆ.

ಆ್ಯಪ್ ನೋಟಿಫಿಕೇಶನ್, ಆರ್‌ಸಿಎಸ್, ವಾಟ್ಸ್ಆ್ಯಪ್

ಕಂಪನಿಯ ಆ್ಯಪ್ ಕಳಿಸುವ ನೋಟಿಫಿಕೇಶನ್‌ಗೂ 1909ಕ್ಕೂ ಸಂಬಂಧವಿಲ್ಲ, ಅದು ಇಂಟರ್ನೆಟ್ ಮೂಲಕ ಬರುವಂಥದ್ದು. ಬಂದ ನೋಟಿಫಿಕೇಶನ್ ಮೇಲೆ ಬೆರಳನ್ನು ಒತ್ತಿ ಹಿಡಿದರೆ ಯಾವ ವಿಭಾಗದ್ದು ಎಂದು ತೋರಿಸುತ್ತದೆ. 'ಆಫರ್ಸ್', 'ಪ್ರಮೋಶನ್ಸ್' ಇದ್ದರೆ ಅದೊಂದನ್ನೇ ಆಫ್ ಮಾಡಿ. ಆಂಡ್ರಾಯ್ಡ್ 8ರಿಂದ ಈ ಸೌಲಭ್ಯವಿದೆ. ಆದರೆ ಎಲ್ಲವನ್ನೂ ಒಂದೇ ವಿಭಾಗಕ್ಕೆ ತುರುಕುವ ಆ್ಯಪ್‌ಗಳೂ ಇವೆ, ಬಿಲ್ಲಿನ ಜೊತೆ ಲಕ್ಕಿ ಡ್ರಾ. ಅಂಥದ್ದರ ನೋಟಿಫಿಕೇಶನ್ ಪೂರ್ತಿ ಆಫ್ ಮಾಡಿದರೆ ನಷ್ಟವೇನಿಲ್ಲ. ಅವಧಿ ಮುಗಿಯುವ ಸೂಚನೆ ಎಸ್ಸೆಮ್ಮೆಸ್‌ನಲ್ಲಿ ಹೇಗೂ ಬರುತ್ತದೆ, ರೀಚಾರ್ಜನ್ನು ಯಾವುದೇ ಯುಪಿಐ ಆ್ಯಪ್‌ನಲ್ಲಿ ಮಾಡಬಹುದು.

ಗೂಗಲ್ ಮೆಸೇಜಸ್‌ನಲ್ಲಿ ದೊಡ್ಡ ಚಿತ್ರ, ಗುಂಡಿಗಳ ಸಮೇತ ಬರುವ ಜಾಹೀರಾತು ಆರ್‌ಸಿಎಸ್. ಎರಡು ದಾರಿ: ಪ್ರೊಫೈಲ್ ಚಿತ್ರ ಒತ್ತಿ ಮೆಸೇಜಸ್ ಸೆಟ್ಟಿಂಗ್ಸ್‌ನಲ್ಲಿ ಆರ್‌ಸಿಎಸ್ ಚಾಟ್ಸ್ ಆಫ್ ಮಾಡುವುದು, ಅಥವಾ ಒಬ್ಬೊಬ್ಬರನ್ನೇ ಬ್ಲಾಕ್ ಮಾಡಿ ರಿಪೋರ್ಟ್ ಮಾಡುವುದು. ಗೆಳೆಯರೊಂದಿಗೆ ಆರ್‌ಸಿಎಸ್ ಬಳಸದವರಿಗೆ ಮೊದಲನೆಯದು ಒಂದೇ ಏಟಿಗೆ ಮುಗಿಯುತ್ತದೆ. ವಾಟ್ಸ್ಆ್ಯಪ್‌ನಲ್ಲೂ ಕಳಿಸಿದವರನ್ನು ಬ್ಲಾಕ್ ಮಾಡಬಹುದು.

ಹ್ಯಾಂಡ್‌ಸೆಟ್ ಜಾಹೀರಾತನ್ನು ಸಿಮ್ ಕಂಪನಿಯ ತಲೆಗೆ ಕಟ್ಟಬೇಡಿ

ಶಿಯೋಮಿ ಫೋನುಗಳಲ್ಲಿ ಫೈಲ್ ಮ್ಯಾನೇಜರ್, ಮ್ಯೂಸಿಕ್‌ಗಳ ಒಳಗೆ ಬರುವ ಜಾಹೀರಾತಿನ ಹಿಂದಿರುವುದು ಎಂಎಸ್‌ಎ ಎಂಬ ಸಿಸ್ಟಂ ಆ್ಯಪ್. ಸೆಟ್ಟಿಂಗ್ಸ್‌ನಲ್ಲಿ 'ಆಥರೈಸೇಶನ್ ಅಂಡ್ ರಿವೊಕೇಶನ್' ಎಂದು ಹುಡುಕಿ, ಪಟ್ಟಿಯಲ್ಲಿ ಎಂಎಸ್‌ಎ ಆಫ್ ಮಾಡಿ. 10 ಸೆಕೆಂಡ್ ಎಣಿಕೆ ಮುಗಿದ ಮೇಲಷ್ಟೇ ರಿವೋಕ್ ಗುಂಡಿ ಒತ್ತಲು ಬರುತ್ತದೆ. ಒತ್ತಿದರೆ "ಆಗಲಿಲ್ಲ" ಎಂಬ ಸಂದೇಶ ಬಂದು ಸ್ವಿಚ್ ಮತ್ತೆ ಆನ್ ಆಗುವುದು ಇಲ್ಲಿ ಮಾಮೂಲು. ಇಂಟರ್ನೆಟ್ ಆನ್ ಇಟ್ಟುಕೊಂಡು ಮತ್ತೆ ಮತ್ತೆ ಒತ್ತುತ್ತಿದ್ದರೆ ಕೊನೆಗೆ ಒಪ್ಪಿಕೊಳ್ಳುತ್ತದೆ. ಲಾಕ್ ಪರದೆಯ ಮೇಲೆ ಸುದ್ದಿ, ಆಟ ತೋರಿಸುವ ಗ್ಲಾನ್ಸ್ ಬೆಂಗಳೂರಿನ ಇನ್‌ಮೋಬಿ ಬಳಗದ್ದು. ಲಾಕ್ ಸ್ಕ್ರೀನ್ ಸೆಟ್ಟಿಂಗ್ಸ್‌ನಲ್ಲೇ ಆಫ್ ಮಾಡುವ ಆಯ್ಕೆ ಇದೆ.

ಪ್ರೈವೇಟ್ ಡಿಎನ್‌ಎಸ್, ಬ್ಲಾಕರ್ ಆ್ಯಪ್, ಕಾಲರ್ ಐಡಿ

ಆಂಡ್ರಾಯ್ಡ್ 9 ಮತ್ತು ಮೇಲಿನ ಫೋನುಗಳಲ್ಲಿ ನೆಟ್‌ವರ್ಕ್ ಸೆಟ್ಟಿಂಗ್ಸ್‌ನಲ್ಲಿ ಪ್ರೈವೇಟ್ ಡಿಎನ್‌ಎಸ್ ಇದೆ. ಡಿಎನ್‌ಎಸ್ ಅಂದರೆ ಜಾಲತಾಣದ ಹೆಸರಿಗೆ ವಿಳಾಸ ಹುಡುಕಿಕೊಡುವ ವ್ಯವಸ್ಥೆ. ಜಾಹೀರಾತು ತಾಣಗಳ ವಿಳಾಸವನ್ನೇ ಕೊಡದ ಡಿಎನ್‌ಎಸ್ ಹಾಕಿಕೊಂಡರೆ ಜಾಹೀರಾತು ತೆರೆಯುವುದಿಲ್ಲ. ಹೋಸ್ಟ್‌ನೇಮ್ ಜಾಗದಲ್ಲಿ 'ಡಿಎನ್‌ಎಸ್ ಚುಕ್ಕೆ ಆ್ಯಡ್‌ಗಾರ್ಡ್ ಅಡ್ಡಗೆರೆ ಡಿಎನ್‌ಎಸ್ ಚುಕ್ಕೆ ಕಾಮ್' ಎಂಬುದನ್ನು ಇಂಗ್ಲಿಷ್ ಸಣ್ಣಕ್ಷರದಲ್ಲಿ, ಜಾಗ ಬಿಡದೆ ಬರೆಯಬೇಕು. ಚುಕ್ಕೆ, ಅಡ್ಡಗೆರೆಗಳನ್ನು ಪದವಾಗಿ ಅಲ್ಲ, ಚಿಹ್ನೆಯಾಗಿ. ಆ್ಯಪ್ ಮತ್ತು ಬ್ರೌಸರ್ ಒಳಗಿನ ಜಾಹೀರಾತು ಬಹುಪಾಲು ಮಾಯ. ಯೂಟ್ಯೂಬ್ ಜಾಹೀರಾತು ಹೋಗುವುದಿಲ್ಲ, ಏಕೆಂದರೆ ವಿಡಿಯೊ ಮತ್ತು ಜಾಹೀರಾತು ಬರುವುದು ಒಂದೇ ಕಡೆಯಿಂದ. ಎಸ್ಸೆಮ್ಮೆಸ್, ಕರೆ, ಫ್ಲ್ಯಾಶ್ ಇವಕ್ಕೆ ಇದು ಏನೂ ಮಾಡದು. ಕೆಎಸ್‌ಆರ್ ಬೆಂಗಳೂರಿನಂಥ ನಿಲ್ದಾಣದ ವೈಫೈಗೆ ಸೇರಲು ಹೋದರೆ ಒಟಿಪಿ ಕೇಳುವ ಪುಟ ತೆರೆಯದೇ ಇರಬಹುದು. ಆಗ ತಾತ್ಕಾಲಿಕವಾಗಿ 'ಆಟೊಮ್ಯಾಟಿಕ್'ಗೆ ಮರಳಿಸಿ, ಲಾಗಿನ್ ಆದ ಮೇಲೆ ಮತ್ತೆ ಹಾಕಿ.

ಇದೇ ಕೆಲಸಕ್ಕೆ ವಿಪಿಎನ್ (ಫೋನಿನ ಇಂಟರ್ನೆಟ್ ಸಂಚಾರವನ್ನು ತನ್ನ ಮೂಲಕ ಹಾಯಿಸುವ ವ್ಯವಸ್ಥೆ) ಮಾದರಿಯ ಬ್ಲಾಕರ್ ಆ್ಯಪ್‌ಗಳೂ ಇವೆ. ಫೋನಿನಲ್ಲಿ ಒಂದು ಸಲಕ್ಕೆ ಒಂದೇ ವಿಪಿಎನ್ ನಡೆಯುವುದರಿಂದ ಕಚೇರಿಯ ವಿಪಿಎನ್ ಬಳಸುವವರಿಗೆ ಇದು ಆಗಿಬರದು, ಬ್ಯಾಟರಿಯೂ ಹೆಚ್ಚು ಬೇಕು. ಡಿಎನ್‌ಎಸ್ ಸಾಕು.

ಕಾಲರ್ ಐಡಿ ಆ್ಯಪ್ ವಿಷಯದಲ್ಲಿ ನಮ್ಮದು ಖಡಾಖಂಡಿತ ಅಭಿಪ್ರಾಯ: ಜಾಹೀರಾತು ತಪ್ಪಿಸಲೆಂದು ಹಾಕಿಕೊಂಡ ಆ್ಯಪ್‌ನ ಉಚಿತ ಆವೃತ್ತಿಯೇ ಕರೆ ಮುಗಿದೊಡನೆ ಜಾಹೀರಾತು ತೋರಿಸುತ್ತದೆ, ಮೇಲಿಂದ ಕಾಂಟ್ಯಾಕ್ಟ್ ಪಟ್ಟಿಯ ಅನುಮತಿ ಬೇರೆ ಕೇಳುತ್ತದೆ. ಗೂಗಲ್ ಫೋನ್ ಆ್ಯಪ್‌ನ 'ಕಾಲರ್ ಐಡಿ ಅಂಡ್ ಸ್ಪ್ಯಾಮ್' ಆನ್ ಮಾಡಿಕೊಳ್ಳಿ. ಏರ್‌ಟೆಲ್ 2024ರ ಸೆಪ್ಟೆಂಬರಿನಿಂದ ಜಾಲದಲ್ಲೇ ಸ್ಪ್ಯಾಮ್ ಎಂದು ಗುರುತು ಹಾಕಿ ತೋರಿಸುತ್ತಿದೆ. ಅದು ಎಚ್ಚರಿಸುತ್ತದೆಯೇ ಹೊರತು ಕರೆಯನ್ನು ತಡೆಯುವುದಿಲ್ಲ.

ಒಂದೇ ಸಂಜೆ ಕೂತು ಮಾಡುವುದಾದರೆ ಕ್ರಮ ಹೀಗಿರಲಿ: ಎರಡೂ ಸಿಮ್‌ನಿಂದ 1909, ಆಮೇಲೆ ಸಿಮ್ ಟೂಲ್‌ಕಿಟ್, ಆಮೇಲೆ ನೋಟಿಫಿಕೇಶನ್. ಡಿಎನ್‌ಎಸ್ ಬೇಕಿದ್ದರೆ ಹಾಕಿ.

ಎಲ್ಲ ಸ್ವಿಚ್ ಆಫ್ ಮಾಡುವ ಹುಮ್ಮಸ್ಸಿನಲ್ಲಿ 'ವೈರ್‌ಲೆಸ್ ಎಮರ್ಜೆನ್ಸಿ ಅಲರ್ಟ್ಸ್' ಮಾತ್ರ ಮುಟ್ಟಬೇಡಿ. ಜೋರಾಗಿ ಕೂಗಿ ಪರದೆ ತುಂಬ ಬರುವ ಆ ಸಂದೇಶವನ್ನು 2023ರ ಅಕ್ಟೋಬರ್ 12ರಂದು ಕರ್ನಾಟಕದಲ್ಲಿ ಪರೀಕ್ಷಿಸಿದಾಗ ಅದನ್ನೂ ಕಂಪನಿಯ ಜಾಹೀರಾತೆಂದೇ ತಿಳಿದವರಿದ್ದರು. ಅದು ಪ್ರವಾಹ, ಭೂಕಂಪದಂಥ ಹೊತ್ತಿನ ಮುನ್ನೆಚ್ಚರಿಕೆಗೆ ಇರುವ ವ್ಯವಸ್ಥೆ. ಪರೀಕ್ಷೆಯ ಸದ್ದು ಬೇಡವೆಂದರೆ ಅದರೊಳಗಿನ 'ಟೆಸ್ಟ್ ಅಲರ್ಟ್ಸ್' ಒಂದನ್ನು ಆಫ್ ಮಾಡಿ, ಉಳಿದವು ಆನ್ ಇರಲಿ.