ಹೋಮ್‌ಬ್ರೂಗೆ ಪಿಎಸ್‌ಪಿಯೋ, ವೀಟಾವೋ?

ಹೋಮ್‌ಬ್ರೂ, ಅಂದರೆ ಹವ್ಯಾಸಿಗಳು ತಾವೇ ಬರೆದ ತಂತ್ರಾಂಶ ಓಡಿಸಲು ಸೋನಿಯ ಕೈಯಲ್ಲಿ ಹಿಡಿದು ಆಡುವ ಯಂತ್ರಗಳಾದ ಪಿಎಸ್‌ಪಿ, ವೀಟಾಗಳಲ್ಲಿ ಯಾವುದನ್ನು ಕೊಳ್ಳಲಿ ಎಂದು ಧಾರವಾಡದಿಂದ ಕೇಳಿದ್ದೀರಿ, ನೇರವಾಗಿ ಹೇಳುತ್ತೇನೆ. ಖರ್ಚಿನಲ್ಲಿ ಪಿಎಸ್‌ಪಿ ಹಗುರ. ಅದಕ್ಕೆ ಹಾಕುವ ಮೆಮೊರಿ ಸ್ಟಿಕ್ ಎಂಬ ಸೋನಿಯ ಕಾರ್ಡ್ ಅಪರೂಪವಾದರೂ, ಸಣ್ಣ ಅಡಾಪ್ಟರ್ ಒಂದಿದ್ದರೆ ಹುಬ್ಬಳ್ಳಿಯ ಕೊಪ್ಪೀಕರ್ ರಸ್ತೆಯಲ್ಲಿ ಸಿಗುವ ಮೈಕ್ರೋ ಎಸ್‌ಡಿ ಕಾರ್ಡೇ ಸಾಕು. ವೀಟಾಕ್ಕೂ ಅಡಾಪ್ಟರ್ ಉಂಟು, ಆದರೆ ಅದು ಆಟದ ಕಾರ್ಡಿನ ಕಿಂಡಿಯನ್ನೇ ಹಿಡಿದುಬಿಡುತ್ತದೆ.

ಬ್ಯಾಟರಿಯ ಮಾತು ಮುಖ್ಯ. ಬಹುತೇಕ ಪಿಎಸ್‌ಪಿಗಳದನ್ನು ಕೈಯಿಂದಲೇ ಬದಲಿಸಬಹುದು. ವೀಟಾದ್ದಕ್ಕೆ ಸ್ಕ್ರೂ ಬಿಚ್ಚಬೇಕು. ಹಳೆಯ ಪಿಎಸ್‌ಪಿ ಕೊಳ್ಳುವಾಗ ಹಿಂದಿನ ಮುಚ್ಚಳ ತೆಗೆಸಿ. ಬ್ಯಾಟರಿ ಹಪ್ಪಳದಂತೆ ಉಬ್ಬಿದ್ದರೆ ಅದನ್ನು ಚಾರ್ಜ್ ಮಾಡಲೇಬೇಡಿ.

ಹೋಮ್‌ಬ್ರೂ ಓಡುವಂತೆ ಯಂತ್ರವನ್ನು ಮಾರ್ಪಡಿಸುವುದು ಎರಡರಲ್ಲೂ ಕಷ್ಟವಲ್ಲ. ವೀಟಾದಲ್ಲಿ ಫರ್ಮ್‌ವೇರ್ (ಯಂತ್ರದ ಒಳಗಿನ ಮೂಲ ತಂತ್ರಾಂಶ) 3.60 ಅಥವಾ 3.65 ಇದ್ದರೆ ಎನ್ಸೋ ಎಂಬ ಮಾರ್ಪಾಡು ಹಾಕಬಹುದು. ಯಂತ್ರ ಆಫ್ ಮಾಡಿದರೂ ಅದು ಉಳಿಯುತ್ತದೆ.

ಹಳೆಯ 16 ಬಿಟ್ ಆಟಗಳಷ್ಟೇ ಸಾಕೆಂದರೆ ಪಿಎಸ್‌ಪಿ ಕೊಳ್ಳಿ. ಎರಡು ಅನಲಾಗ್ ಸ್ಟಿಕ್, ಸ್ಪರ್ಶಪರದೆ ಬೇಕೆನ್ನುವವರಿಗೆ ವೀಟಾ. ಅದರಲ್ಲಿ ಅಡ್ರಿನಲಿನ್ ಎಂಬ ತಂತ್ರಾಂಶ ಹಾಕಿದರೆ ಪಿಎಸ್‌ಪಿಯ ಹೋಮ್‌ಬ್ರೂ ಕೂಡ ಓಡುತ್ತದೆ.